ಪಾಳೆಯ, ದಂಡು, ಕಂದಾಚಾರ: ಸೈನಿಕೀಕರಣವನ್ನು ಸೂಚಿಸುವ ಕನ್ನಡ ಪದಗಳ ಅರ್ಥವಿವೇಚನೆ
(ಕೊರಟಗೆರೆ, ಮಧುಗಿರಿ, ಸಿರಾ, ಪಾವಗಡ ಪರಿಸರವನ್ನು ಅನುಲಕ್ಷಿಸಿ)

ಒಂದು ಸಮಾಜವು ತನ್ನ ಭೂಮಿ, ದುಡಿಮೆ, ತೆರಿಗೆ ಹಾಗೂ ಅಧಿಕಾರಗಳನ್ನು ಯುದ್ಧದ ಅಗತ್ಯಕ್ಕೆ ಹೊಂದಿಸಿಕೊಂಡ ಸ್ಥಿತಿಯನ್ನು ಹೆಸರಿಸಲು ಇಂದಿನ ಕನ್ನಡದಲ್ಲಿ ‘ಸೈನಿಕೀಕರಣ’, ‘ಸೇನೀಕರಣ’, ‘ಮಿಲಿಟರೀಕರಣ’ ಮೊದಲಾದ ಪದಗಳನ್ನು ಬಳಸಲಾಗುತ್ತಿದೆ. ಆ ಸ್ಥಿತಿ ಮಿತಿಮೀರಿದೆ ಎಂದು ಹೇಳಬೇಕಾದಾಗ ಇವುಗಳ ಹಿಂದೆ ‘ಅತಿ’ ಎಂಬ ಉಪಸರ್ಗವನ್ನು ಸೇರಿಸಿಕೊಳ್ಳುತ್ತೇವೆ. ಇವೆಲ್ಲವೂ ಯುರೋಪಿನ ರಾಜಕೀಯ ಚಿಂತನೆಯಿಂದ ಬಂದ ಪರಿಕಲ್ಪನೆಯೊಂದರ ಅನುವಾದಗಳು. ಆದರೆ ಪದ ಹೊಸದಾದ ಮಾತ್ರಕ್ಕೆ ಅದು ಸೂಚಿಸುವ ಅನುಭವವೂ ಕನ್ನಡಕ್ಕೆ ಹೊಸದೆಂದು ಭಾವಿಸಬೇಕಾಗಿಲ್ಲ. ಹದಿನಾರನೆಯ ಶತಮಾನದಿಂದ ಹದಿನೆಂಟನೆಯ ಶತಮಾನದ ಕೊನೆಯವರೆಗೆ ಇಂದಿನ ತುಮಕೂರು ಜಿಲ್ಲೆಯ ಉತ್ತರಭಾಗ ಬಾಳಿದ್ದು ಇಂತಹ ಸ್ಥಿತಿಯಲ್ಲಿಯೇ. ಅದನ್ನು ಸೂಚಿಸುವ ಪದಗಳು ಇಂದಿಗೂ ನಮ್ಮ ಮಾತಿನಲ್ಲಿ ಉಳಿದಿವೆ. ಆದರೆ ಅವುಗಳ ಸೈನಿಕ ಅರ್ಥ ಬಹುಮಟ್ಟಿಗೆ ಕಳಚಿಹೋಗಿದೆ. ಈ ಪದಗಳ ಮೂಲಾರ್ಥ, ಪ್ರಯೋಗ ಮತ್ತು ಅರ್ಥಪಲ್ಲಟಗಳನ್ನು ಪ್ರಸ್ತುತ ಲೇಖನದಲ್ಲಿ ವಿವೇಚಿಸಲಾಗಿದೆ.

1. ಪರಿಕಲ್ಪನೆಯ ಮೂರು ನೆಲೆಗಳು

‘ಮಿಲಿಟರಿಸಂ’ ಎಂಬ ಪದವು ಹತ್ತೊಂಬತ್ತನೆಯ ಶತಮಾನದ ಫ್ರಾನ್ಸಿನಲ್ಲಿ, ಪ್ರಭುತ್ವವನ್ನು ಟೀಕಿಸುವವರ ಬರಹಗಳ ಮೂಲಕ ಪ್ರಚಾರಕ್ಕೆ ಬಂದಿತು. 1937ರಲ್ಲಿ ಪ್ರಕಟವಾದ ತಮ್ಮ ಗ್ರಂಥದಲ್ಲಿ ಆಲ್‌ಫ್ರೆಡ್ ವಾಗ್ಟ್ಸ್ ಅವರು ಸೈನಿಕ ಕಾರ್ಯವನ್ನೂ ಸೈನಿಕವಾದವನ್ನೂ ಬೇರ್ಪಡಿಸಿದರು. ನಿರ್ದಿಷ್ಟ ಉದ್ದೇಶಕ್ಕಾಗಿ ಸೇನೆಯನ್ನು ಬಳಸುವುದು ಮೊದಲನೆಯದು. ಸೇನೆಯ ಆಚಾರ, ಅಂತಸ್ತು, ಮೌಲ್ಯಗಳು ಉದ್ದೇಶವನ್ನೂ ಮೀರಿ ಸಮಾಜದಲ್ಲಿ ಹರಡಿಕೊಳ್ಳುವುದು ಎರಡನೆಯದು. 1941ರಲ್ಲಿ ಹೆರಾಲ್ಡ್ ಲಾಸ್‌ವೆಲ್ ಅವರು ಹಿಂಸೆಯ ಪರಿಣತರೇ ಆಳುವ, ಇಡೀ ನಾಡೇ ಕಾವಲು ಪಡೆಯ ಠಾಣ್ಯವಾಗಿ ಮಾರ್ಪಡುವ ರಾಜ್ಯದ ಕಲ್ಪನೆಯನ್ನು ಮುಂದಿಟ್ಟರು.

ಇವುಗಳ ಆಧಾರದ ಮೇಲೆ ಮೂರು ನೆಲೆಗಳನ್ನು ಗುರುತಿಸಬಹುದು. ಸೇನೆ ಗಾತ್ರದಲ್ಲಿ ಬೆಳೆಯುವುದು ಮೊದಲನೆಯ ನೆಲೆ. ಸೇನೆಯ ಮೌಲ್ಯಗಳು ಸಮಾಜದ ಮೌಲ್ಯಗಳಾಗುವುದು ಎರಡನೆಯದು. ಸೈನಿಕ ಯಾರು, ಸೈನಿಕನಲ್ಲದವನು ಯಾರು ಎಂಬ ಗೆರೆಯೇ ಅಳಿಸಿಹೋಗುವುದು ಮೂರನೆಯದು. ‘ಅತಿ’ ಎಂಬ ಉಪಸರ್ಗವು ಪ್ರಮಾಣವನ್ನು ಮಾತ್ರ ಹೇಳಬಲ್ಲದು. ಮೂರನೆಯ ನೆಲೆಯ ಗುಣಾತ್ಮಕ ಬದಲಾವಣೆಯನ್ನು ಅದು ಹೇಳಲಾರದು. ಈ ಮೂರನೆಯ ನೆಲೆಯನ್ನು ಸೂಚಿಸುವ ಪದಗಳು ಕನ್ನಡದಲ್ಲಿ ಉಂಟೇ ಎಂಬುದು ಇಲ್ಲಿಯ ಮುಖ್ಯ ಪ್ರಶ್ನೆ.

2. ನೆಲದ ಹಿನ್ನೆಲೆ

ಕೊರಟಗೆರೆ, ಮಧುಗಿರಿ, ಸಿರಾ, ಪಾವಗಡ ತಾಲ್ಲೂಕುಗಳು ಮಳೆ ಕಡಿಮೆಯಿರುವ, ಕೆರೆಗಳನ್ನು ನೆಚ್ಚಿದ, ಹೆಬ್ಬಂಡೆಗಳ ಬೆಟ್ಟಗಳಿಂದ ಕೂಡಿದ ಸೀಮೆ. ದೇವರಾಯನದುರ್ಗದಲ್ಲಿ ಹುಟ್ಟುವ ಜಯಮಂಗಲಿ ನದಿಯು ಕೊರಟಗೆರೆ, ಮಧುಗಿರಿ ಭಾಗಗಳಲ್ಲಿ ಹರಿದು ಉತ್ತರ ಪಿನಾಕಿನಿಯನ್ನು ಸೇರುತ್ತದೆ. ವಿಜಯನಗರದ ಕೇಂದ್ರಾಧಿಕಾರವು 1565ರ ನಂತರ ಸಡಿಲಗೊಂಡಾಗ ಇಲ್ಲಿಯ ಒಂದೊಂದು ಬೆಟ್ಟವೂ ಒಂದೊಂದು ಅಧಿಕಾರಕೇಂದ್ರವಾಯಿತು. ಮದ್ದಗಿರಿ ಎಂದು ಹಿಂದೆ ಕರೆಯಲಾಗುತ್ತಿದ್ದ ಮಧುಗಿರಿ, ಮಿಡಿಗೇಶಿ, ಚನ್ನರಾಯನದುರ್ಗ, ರತ್ನಗಿರಿ, ನಿಡುಗಲ್ಲು, ಪಾವಗಡ ಇವೆಲ್ಲವೂ ಕೋಟೆ ಕಟ್ಟಿದ ಬೆಟ್ಟಗಳು. ಹೊಳವನಹಳ್ಳಿಯ ಮನೆತನಕ್ಕೆ ಸೇರಿದ ರಣಭೈರೇಗೌಡನು ಕೊರಟಗೆರೆಯನ್ನು ಕಟ್ಟಿಸಿದನು.

ಈ ಸೀಮೆಯ ಮೇಲೆ ದೊಡ್ಡ ಪ್ರಭುತ್ವಗಳ ಕಣ್ಣು ಸದಾ ಇತ್ತು. 1638ರ ಸುಮಾರಿಗೆ ಬಿಜಾಪುರದ ಸೇನೆ ಸಿರಾವನ್ನು ಹಿಡಿಯಿತು. 1678ರ ಸುಮಾರಿಗೆ ಚಿಕ್ಕದೇವರಾಜ ಒಡೆಯರ ಸೇನೆ ಮದ್ದಗಿರಿ ಮತ್ತು ಅದರ ಸುತ್ತಲ ದುರ್ಗಗಳನ್ನು ವಶಪಡಿಸಿಕೊಂಡಿತು. 1687ರಲ್ಲಿ ಮೊಗಲರು ಸಿರಾ ಸುಭೆಯನ್ನು ಸ್ಥಾಪಿಸಿದರು. ಖಾಸಿಂಖಾನನು ಅದರ ಮೊದಲ ಫೌಜುದಾರ. ಬಸವಾಪಟ್ಟಣ, ಬೂದಿಹಾಳು, ಸಿರಾ, ಪೆನುಕೊಂಡೆ, ದೊಡ್ಡಬಳ್ಳಾಪುರ, ಹೊಸಕೋಟೆ, ಕೋಲಾರ ಎಂಬ ಏಳು ಪರಗಣಗಳು ಇದಕ್ಕೆ ಸೇರಿದ್ದವು. 1757ರಲ್ಲಿ ಮರಾಠರು, 1761ರಲ್ಲಿ ಹೈದರಾಲಿ, 1766ರಲ್ಲಿ ಮತ್ತೆ ಮರಾಠರು, 1774ರಲ್ಲಿ ಟಿಪ್ಪು: ಹೀಗೆ ಸಿರಾ ಹದಿನೇಳು ವರ್ಷಗಳಲ್ಲಿ ಹಲವು ಬಾರಿ ಕೈಬದಲಾಯಿತು. ಕೆಳದಿಯ ರಾಣಿ ವೀರಮ್ಮಾಜಿಯನ್ನು ಹೈದರನು ಸೆರೆಯಿಟ್ಟದ್ದು ಮಧುಗಿರಿಯ ದುರ್ಗದಲ್ಲಿ. 1767ರಲ್ಲಿ ಪೇಶ್ವೆ ಮಾಧವರಾಯನು ಆ ದುರ್ಗವನ್ನು ಗೆದ್ದಾಗ ಆಕೆಗೆ ಬಿಡುಗಡೆ ದೊರೆಯಿತು. ಈ ಎಲ್ಲ ಸೇನೆಗಳೂ ಉಂಡದ್ದು ಇದೇ ನೆಲದ ರಾಗಿಯನ್ನು, ಮೇಯಿಸಿದ್ದು ಇದೇ ನೆಲದ ಹುಲ್ಲನ್ನು ಎಂಬುದನ್ನು ಮುಂದಿನ ಪದವಿವೇಚನೆಯಲ್ಲಿ ನೆನಪಿಡಬೇಕಾಗುತ್ತದೆ.

3. ಪಾಳೆಯ, ಪಾಳ್ಯ, ಪಾಳೆಯಪಟ್ಟು

‘ಪಾಳೆಯ’ ಎಂಬುದು ದಕ್ಷಿಣ ದ್ರಾವಿಡ ಭಾಷೆಗಳಿಗೆ ಸಮಾನವಾದ ಪದ. ತಮಿಳಿನ ‘ಪಾಳೈಯಂ’, ತೆಲುಗಿನ ‘ಪಾಳೆಮು’ ಇದರ ಜ್ಞಾತಿರೂಪಗಳು. ಸೇನೆ ತಾತ್ಕಾಲಿಕವಾಗಿ ಬೀಡುಬಿಟ್ಟ ಸ್ಥಳ ಎಂಬುದು ಇದರ ಮೊದಲ ಅರ್ಥ. ಬೀಡುಬಿಟ್ಟ ಸೇನೆ ಎಂಬುದು ಎರಡನೆಯ ಅರ್ಥ. ಆ ಸೇನೆಯ ಪೋಷಣೆಗಾಗಿ ಬಿಟ್ಟುಕೊಟ್ಟ ಸೀಮೆ ಎಂಬುದು ಮೂರನೆಯ ಅರ್ಥ. ಇದನ್ನು ಸ್ಪಷ್ಟಪಡಿಸಲು ‘ಪಾಳೆಯಪಟ್ಟು’ ಎಂಬ ಸಮಾಸ ಹುಟ್ಟಿಕೊಂಡಿತು. ಆ ಸೀಮೆಯ ಒಡೆಯನು ‘ಪಾಳೆಯಗಾರ’. ಸ್ಥಳದಿಂದ ಸೇನೆಗೆ, ಸೇನೆಯಿಂದ ನಾಡಿಗೆ, ನಾಡಿನಿಂದ ಒಡೆತನಕ್ಕೆ ಸಾಗಿದ ಈ ಅರ್ಥವಿಸ್ತಾರವು ಆಕಸ್ಮಿಕವಾದುದಲ್ಲ. ಒಂದು ರಾತ್ರಿಗೆ ಹೂಡಿದ ಬೀಡು ತಲೆಮಾರುಗಳ ವಾಸಸ್ಥಾನವಾದಾಗ, ಬೀಡಿನ ಹೆಸರೇ ನಾಡಿನ ಹೆಸರಾಗುತ್ತದೆ. ಮೇಲೆ ಹೇಳಿದ ಮೂರನೆಯ ನೆಲೆಯ ಸೈನಿಕೀಕರಣವನ್ನು ಕನ್ನಡವು ಈ ಪದದಲ್ಲಿ ದಾಖಲಿಸಿದೆ ಎನ್ನಬಹುದು.

ಇಂತಹ ಅರ್ಥಚಲನೆಗೆ ಹಳಗನ್ನಡದಲ್ಲಿಯೂ ನಿದರ್ಶನವಿದೆ. ‘ಬೀಡು’ ಎಂದರೆ ಸೇನೆ ತಂಗಿದ ಸ್ಥಳ. ಶಾಸನಗಳಲ್ಲಿ ಬರುವ ‘ನೆಲೆವೀಡು’ ಅರಸನ ರಾಜಧಾನಿ, ಎಂದರೆ ನೆಲೆನಿಂತ ಬೀಡು. ಯೋಧನಿಗೆ ಅಥವಾ ಮಡಿದ ಯೋಧನ ಕುಟುಂಬಕ್ಕೆ ಬಿಟ್ಟ ಭೂಮಿಯನ್ನು ‘ಬಾಳ್ಗಚ್ಚು’, ‘ನೆತ್ತರುಗೊಡಗೆ’ ಎಂದು ಕರೆಯುತ್ತಿದ್ದರು. ‘ಜೋಳವಾಳಿ’ ಎಂಬುದು ಉಂಡ ಅನ್ನದ ಋಣಕ್ಕಾಗಿ ಪ್ರಾಣವನ್ನು ಒಪ್ಪಿಸುವ ಭಾಷೆ. ಯುದ್ಧವನ್ನು ಭೂಮಿ ಮತ್ತು ಧಾನ್ಯಗಳ ಮೂಲಕ ಹೆಸರಿಸುವ ಈ ಕ್ರಮವನ್ನೇ ‘ಪಾಳೆಯಪಟ್ಟು’ ಮುಂದುವರಿಸಿದೆ.

ಪ್ರಸ್ತುತ ಪರಿಸರದ ವ್ಯಕ್ತಿನಾಮಗಳೂ ಇದನ್ನು ಸಮರ್ಥಿಸುತ್ತವೆ. ‘ಗೌಡ’ ಎಂಬುದು ಊರಿನ ಮುಖ್ಯಸ್ಥನ, ಒಕ್ಕಲುತನದ ನಾಯಕತ್ವದ ಸೂಚಕ. ‘ನಾಯಕ’ ಎಂಬುದು ಪಡೆಯ ಮುಂದಾಳ್ತನದ ಸೂಚಕ. ಮದ್ದಗಿರಿ, ಹೊಳವನಹಳ್ಳಿ, ಕೊರಟಗೆರೆಗಳ ಪಾಳೆಯಗಾರರು ಗೌಡರು. ರತ್ನಗಿರಿ, ನಿಡುಗಲ್ಲು, ಪಾವಗಡಗಳ ಪಾಳೆಯಗಾರರು ನಾಯಕರು. ಬೇರೆ ಬೇರೆ ಮೂಲದ ಈ ಎರಡು ಸ್ಥಾನಗಳು ‘ಪಾಳೆಯಗಾರ’ ಎಂಬ ಒಂದೇ ಸ್ಥಾನದಲ್ಲಿ ಬಂದು ಸೇರಿದವು. ಕೊರಟಗೆರೆಯನ್ನು ಕಟ್ಟಿಸಿದವನ ಹೆಸರಿನಲ್ಲಿ ‘ರಣ’ವೂ ‘ಗೌಡ’ವೂ ಒಟ್ಟಿಗೆ ಇರುವುದು ಗಮನಾರ್ಹ. ಯುದ್ಧಭೂಮಿಯ ಪದವೊಂದು ಉಳುವ ನೆಲದ ಪದವೊಂದರೊಡನೆ ಒಂದೇ ಹೆಸರಿನಲ್ಲಿ ನಿಂತಿದೆ.

ಇಂದು ‘ಪಾಳ್ಯ’ ಎಂಬ ರೂಪವು ಊರ ಹೆಸರುಗಳ ಉತ್ತರಪದವಾಗಿ ಉಳಿದಿದ್ದು, ಅದಕ್ಕೆ ಸಣ್ಣ ಹಳ್ಳಿ ಎಂಬುದಕ್ಕಿಂತ ಹೆಚ್ಚಿನ ಅರ್ಥವನ್ನು ಜನ ಕೊಡುವುದಿಲ್ಲ. ಬೆಂಗಳೂರಿನ ಕಲಾಸಿಪಾಳ್ಯದಲ್ಲಿ ಮಾತ್ರ ಪೂರ್ವಪದವೂ ಸೇನೆಗೆ ಸಂಬಂಧಿಸಿದ್ದು. ಸೇನೆಯ ಫಿರಂಗಿ ಮತ್ತು ಡೇರೆಗಳ ಕೆಲಸ ಮಾಡುವವನು ಕಲಾಸಿ. ‘ಪಾಳಯ’ ಎಂಬ ಇನ್ನೊಂದು ರೂಪವನ್ನು ಪತ್ರಿಕೆಗಳು ರಾಜಕೀಯ ಪಕ್ಷಗಳಿಗೆ ಅನ್ವಯಿಸುತ್ತವೆ. ‘ವಿರೋಧಿ ಪಾಳಯ’ ಎಂಬ ಪ್ರಯೋಗ ಎಲ್ಲರಿಗೂ ಪರಿಚಿತ. ಒಂದೇ ಪದದ ಮೂರು ರೂಪಗಳು ಹೀಗೆ ಚರಿತ್ರೆಗೆ, ಸ್ಥಳನಾಮಕ್ಕೆ ಮತ್ತು ರಾಜಕಾರಣಕ್ಕೆ ಹಂಚಿಹೋಗಿವೆ.

4. ದಂಡು ಮತ್ತು ಕಾವಲು

‘ದಂಡು’ ಸಂಸ್ಕೃತದ ‘ದಂಡ’ದಿಂದ ಬಂದುದು. ಪಾಳೆಯವು ನೆಲೆನಿಂತ ಸೇನೆಯನ್ನು ಸೂಚಿಸಿದರೆ, ದಂಡು ಸಾಮಾನ್ಯವಾಗಿ ನಡೆದುಬರುವ ಸೇನೆಯನ್ನು ಸೂಚಿಸುತ್ತದೆ. ಊರಿನವರಿಗೆ ಪಾಳೆಯಗಾರನು ಪರಿಚಿತ, ದಂಡು ಅಪರಿಚಿತ. ‘ದಂಡಿಗೆ ಹೆದರಲಿಲ್ಲ, ದಾಳಿಗೆ ಹೆದರಲಿಲ್ಲ, ದಾಸಯ್ಯನ ಶಂಖಕ್ಕೆ ಹೆದರುತ್ತೇನೆಯೇ’ ಎಂಬ ಗಾದೆಯಲ್ಲಿ ದಂಡು ಭಯದ ಮೊದಲ ಅಳತೆಗೋಲಾಗಿದೆ. ಮಧುಗಿರಿಯಲ್ಲಿ ಇಂದಿಗೂ ಜಾತ್ರೆ ನಡೆಯುವ ಗ್ರಾಮದೇವತೆಯ ಹೆಸರು ದಂಡಿನ ಮಾರಮ್ಮ. ಮಾರಿ ರೋಗದ ಮತ್ತು ರೋಗಪರಿಹಾರದ ದೇವತೆ. ಸೇನೆ ಸಾಗಿದ ದಾರಿಯಲ್ಲಿ ಸಾಂಕ್ರಾಮಿಕ ರೋಗವೂ ಸಾಗುತ್ತಿದ್ದ ಕಾಲದಲ್ಲಿ ‘ದಂಡು’ ಮತ್ತು ‘ಮಾರಿ’ ಎಂಬ ಎರಡು ಪದಗಳು ಒಂದು ದೇವತಾನಾಮದಲ್ಲಿ ಜೊತೆಗೂಡಿರುವುದಕ್ಕೆ ಭಾಷಿಕವಾಗಿ ಮಾತ್ರವಲ್ಲದೆ ಸಾಮಾಜಿಕವಾಗಿಯೂ ಬೆಲೆಯಿದೆ.

1809ರಲ್ಲಿ ಬೆಂಗಳೂರಿನಲ್ಲಿ ಸ್ಥಾಪನೆಯಾದ ಬ್ರಿಟಿಷ್ ಸೇನಾನೆಲೆಯನ್ನು ಕನ್ನಡಿಗರು ‘ದಂಡು’ ಎಂದೇ ಕರೆದರು. ಅಲ್ಲಿಯ ರೈಲು ನಿಲ್ದಾಣದ ಹೆಸರಿನಲ್ಲಿ ಆ ಪದ ಉಳಿದುಕೊಂಡಿದೆ. ಇಂದಿನ ಬರವಣಿಗೆಯಲ್ಲಿ ‘ಭಕ್ತರ ದಂಡು’, ‘ಅಭಿಮಾನಿಗಳ ದಂಡು’ ಎಂಬಲ್ಲಿ ಜನಸಂದಣಿ ಎಂಬ ಅರ್ಥ ಮಾತ್ರವಿದೆ. ಭಯದ ಛಾಯೆ ಪೂರ್ಣವಾಗಿ ಅಳಿಸಿದೆ.

‘ಕಾವಲು’ ಎಂಬ ಪದದ ಚರಿತ್ರೆ ಇನ್ನಷ್ಟು ಸೂಕ್ಷ್ಮವಾದುದು. ಕಾಯುವ ಕೆಲಸ ಎಂಬುದು ಇದರ ಮೂಲಾರ್ಥ. ಕಾಯ್ದಿರಿಸಿದ ಹುಲ್ಲುಭೂಮಿ ಎಂಬುದು ಅನಂತರದ ಅರ್ಥ. ‘ಹುಲ್ಲುಗಾವಲು’ ಎಂಬ ನಿತ್ಯಬಳಕೆಯ ಪದದಲ್ಲಿ ಇದು ಸ್ಪಷ್ಟವಾಗಿದೆ. ಚಿಕ್ಕದೇವರಾಜ ಒಡೆಯರ ಕಾಲದ ‘ಬೆಣ್ಣೆ ಚಾವಡಿ’ಯು ಅರಮನೆಗೆ ಹಾಲು ಬೆಣ್ಣೆಗಳನ್ನು ಒದಗಿಸುವ ರಾಸುಗಳ ಇಲಾಖೆಯಾಗಿತ್ತು. ಹೈದರನು ಈ ರಾಸುಗಳನ್ನು ಫಿರಂಗಿ ಮತ್ತು ಸಾಮಗ್ರಿಗಳನ್ನು ಎಳೆಯಲು ತೊಡಗಿಸಿದನು. ಟಿಪ್ಪುವು ಆ ಇಲಾಖೆಯನ್ನು ‘ಅಮೃತಮಹಲ್’ ಎಂದು ಹೆಸರಿಸಿ ವ್ಯವಸ್ಥೆಗೊಳಿಸಿದನು. ತುಮಕೂರು, ಚಿತ್ರದುರ್ಗ, ಹಾಸನ ಸೀಮೆಗಳ ಅಮೃತಮಹಲ್ ಕಾವಲುಗಳು ಹೀಗೆ ಸೇನೆಗಾಗಿ ಕಾಯ್ದ ಹುಲ್ಲುನೆಲಗಳಾದವು. ಬೆಣ್ಣೆಯ ಹೆಸರಿನ ಇಲಾಖೆ ಫಿರಂಗಿಯ ನೊಗಕ್ಕೆ ಹೆಗಲು ಕೊಟ್ಟದ್ದಕ್ಕಿಂತ ಸ್ಪಷ್ಟವಾದ ಸೈನಿಕೀಕರಣದ ನಿದರ್ಶನ ಬೇರೆ ಬೇಕಾಗಿಲ್ಲ.

5. ಕಂದಾಚಾರ ಮತ್ತು ಸಿಬ್ಬಂದಿ

ಇಂದು ‘ಕಂದಾಚಾರ’ ಎಂದರೆ ಅರ್ಥವಿಲ್ಲದ ಸಂಪ್ರದಾಯ, ಮೂಢ ಆಚರಣೆ. ಆದರೆ ಹತ್ತೊಂಬತ್ತನೆಯ ಶತಮಾನದ ಮೈಸೂರಿನ ಆಡಳಿತ ದಾಖಲೆಗಳಲ್ಲಿ ಕಂದಾಚಾರ ಎಂಬುದು ಒಂದು ಇಲಾಖೆಯ ಹೆಸರು. ತಮ್ಮ ಊರಿನಲ್ಲಿಯೇ ಬೇಸಾಯ ಮಾಡಿಕೊಂಡಿದ್ದು, ಕರೆ ಬಂದಾಗ ಆಯುಧ ಹಿಡಿದು ಬರಬೇಕಾಗಿದ್ದ ನಾಡಪಡೆಯವರು ‘ಕಂದಾಚಾರದವರು’. 1799ರ ನಂತರ ದಿವಾನ್ ಪೂರ್ಣಯ್ಯನವರ ಆಡಳಿತದಲ್ಲಿ ಈ ಪಡೆಯನ್ನು ಊರುಕಾವಲು, ಪೋಲೀಸು ಹಾಗೂ ಕಂದಾಯದ ಕೆಲಸಗಳಿಗೆ ಬಳಸಿಕೊಳ್ಳಲಾಯಿತು. 1800ರಲ್ಲಿ ಮಧುಗಿರಿ, ಸಿರಾಗಳ ಮೂಲಕ ಪ್ರವಾಸ ಮಾಡಿದ ಫ್ರಾನ್ಸಿಸ್ ಬುಕಾನನ್ ಅವರ ಪ್ರವಾಸಕಥನದಲ್ಲಿಯೂ ಕಂದಾಚಾರದ ಆಳುಗಳ ಪ್ರಸ್ತಾಪವಿದೆ.

ಸೇನೆಯ ಬೀಡನ್ನು ಸೂಚಿಸುವ ಸಂಸ್ಕೃತದ ‘ಸ್ಕಂಧಾವಾರ’ಕ್ಕೂ ಈ ಪದಕ್ಕೂ ಸಂಬಂಧ ಕಲ್ಪಿಸಲು ಅವಕಾಶವಿದೆ. ‘ಸ್ಕಂಧ’ವು ‘ಕಂದ’ವಾಗುವುದು ತದ್ಭವ ನಿಯಮಕ್ಕೆ ಹೊಂದುತ್ತದೆ. ‘ವಾರ’ವು ‘ಚಾರ’ವಾಗುವುದು ಧ್ವನಿನಿಯಮಕ್ಕೆ ಹೊಂದುವುದಿಲ್ಲವಾದರೂ, ‘ಆಚಾರ’ ಎಂಬ ಚಿರಪರಿಚಿತ ಪದದ ಸೆಳೆತದಿಂದ ಅಂತಹ ರೂಪ ಸಿದ್ಧಿಸುವುದು ಜನಪ್ರಯೋಗದಲ್ಲಿ ಅಪರೂಪವಲ್ಲ. ಅರ್ಥಪಲ್ಲಟಕ್ಕೂ ಇದೇ ಸೆಳೆತ ಕಾರಣವಾಗಿರಬೇಕೆಂದು ತೋರುತ್ತದೆ. ಇಲಾಖೆ ಅಳಿದ ಮೇಲೆ ಪದಕ್ಕೆ ಆಸರೆಯಾಗಿದ್ದ ವಸ್ತು ಇಲ್ಲವಾಯಿತು. ಉಳಿದ ರೂಪದಲ್ಲಿ ಜನರಿಗೆ ಅರ್ಥವಾಗುತ್ತಿದ್ದ ಭಾಗ ‘ಆಚಾರ’ ಒಂದೇ. ಪದದ ಅರ್ಥ ಅದರ ಕಡೆಗೆ ವಾಲಿತು.

‘ಸಿಬ್ಬಂದಿ’ ಪದದ ಹಾದಿ ಬೇರೆ. ಪಾರಸಿಯ ‘ಸಿಹ್‌ಬಂದಿ’ಯಿಂದ, ಮರಾಠಿಯ ‘ಶಿಬಂದಿ’ಯ ಬಳಕೆಯ ಜೊತೆಜೊತೆಗೆ ಕನ್ನಡಕ್ಕೆ ಬಂದ ಈ ಪದವು ಕಂದಾಯ ವಸೂಲಿಗೂ ಕೋಟೆ ಕಾವಲಿಗೂ ನೇಮಿಸಿಕೊಂಡ ಅನಿಯತ ಪಡೆಯನ್ನು ಸೂಚಿಸುತ್ತಿತ್ತು. ಇಂದು ಪ್ರತಿಯೊಂದು ಕಚೇರಿ, ಶಾಲೆ, ಆಸ್ಪತ್ರೆಗಳಲ್ಲಿ ಕೆಲಸ ಮಾಡುವವರೆಲ್ಲರೂ ಸಿಬ್ಬಂದಿ. ಸುಭೆಯ ಮುಖ್ಯಾಧಿಕಾರಿಯನ್ನು ಸೂಚಿಸುತ್ತಿದ್ದ ‘ಫೌಜುದಾರ’ ಪದ ಮುಂದೆ ಪೋಲೀಸು ಅಧಿಕಾರಿಗೆ ಅನ್ವಯವಾಯಿತು. ‘ಫೌಜುದಾರಿ’ ಎಂದರೆ ಅಪರಾಧ ಮೊಕದ್ದಮೆ ಎಂಬ ಅರ್ಥ ನೆಲೆಗೊಂಡಿತು. ಅಶ್ವಪಡೆಯ ‘ದಫೇದಾರ’ ಕಚೇರಿಯ ಬಾಗಿಲಿಗೆ ಬಂದು ನಿಂತನು. ಮರಾಠರಲ್ಲಿ ಸೇನೆಯ ಪೋಷಣೆಗಾಗಿ ಬಿಟ್ಟ ಭೂಮಿ ‘ಸರಂಜಾಮು’. ನಮ್ಮ ‘ಸಾಮಾನು ಸರಂಜಾಮು’ಗಳಲ್ಲಿ ಆ ಭೂಮಿಯ ನೆನಪಿಲ್ಲ, ಸಲಕರಣೆ ಎಂಬ ಪಾರಸಿಯ ಮೂಲಾರ್ಥ ಮಾತ್ರ ಇದೆ.

ಈ ಪದಗಳಲ್ಲಿ ಕಾಣುವ ಸಮಾನಗುಣವೆಂದರೆ, ಸೇನೆ, ಕಂದಾಯ ಮತ್ತು ಊರ ಕಾವಲುಗಳು ಒಬ್ಬನೇ ವ್ಯಕ್ತಿಯ ಕೈಯಲ್ಲಿ ಸೇರಿದ್ದವು ಎಂಬುದು. ಕಂದಾಯ ವಸೂಲಿಗೆ ಆಯುಧ ಬೇಕಿತ್ತು, ಆಯುಧಕ್ಕೆ ಕಂದಾಯ ಬೇಕಿತ್ತು. ಇವೆರಡೂ ಬೇರ್ಪಟ್ಟ ನಂತರದ ಕಾಲದ ನಾವು ಪದಗಳ ಆಡಳಿತ ಭಾಗವನ್ನು ಉಳಿಸಿಕೊಂಡು ಆಯುಧದ ಭಾಗವನ್ನು ಮರೆತಿದ್ದೇವೆ.

6. ‘ಪಾಳೆಯಗಾರಿಕೆ’ಯ ಪ್ರಯೋಗದೋಷ

ಮೇಲಿನ ಪದಗಳು ಸೈನಿಕ ಅರ್ಥವನ್ನು ಕಳೆದುಕೊಂಡು ನಿರುಪದ್ರವಿಯಾದರೆ, ‘ಪಾಳೆಯಗಾರಿಕೆ’ ಮಾತ್ರ ಅದನ್ನು ಕಳೆದುಕೊಂಡು ನಿಂದಾತ್ಮಕವಾಯಿತು. ದರ್ಪ, ದಬ್ಬಾಳಿಕೆ, ಪ್ರಶ್ನಿಸಲಾಗದ ಒಡೆತನ ಎಂಬ ಅರ್ಥಗಳಲ್ಲಿ ಇದನ್ನು ಬಳಸುತ್ತೇವೆ. ಇಪ್ಪತ್ತನೆಯ ಶತಮಾನದ ಸಾಮಾಜಿಕ ಚಿಂತನೆಯ ಬರಹಗಳಲ್ಲಿ ಯುರೋಪಿನ ‘ಫ್ಯೂಡಲಿಸಂ’ಗೆ ‘ಊಳಿಗಮಾನ್ಯ ಪದ್ಧತಿ’ಯ ಜೊತೆಗೆ ‘ಪಾಳೆಯಗಾರಿ ಪದ್ಧತಿ’ ಎಂಬ ಅನುವಾದವೂ ರೂಢಿಗೆ ಬಂದಿತು. ಇದರಿಂದ ಎರಡು ತೊಡಕುಗಳು ಉಂಟಾಗಿವೆ.

ಮೊದಲನೆಯದು ಪರಿಕಲ್ಪನೆಯ ತೊಡಕು. ಊಳಿಗಮಾನ್ಯವು ಭೂಮಿ ಮತ್ತು ಊಳಿಗಗಳ ಸಂಬಂಧವನ್ನು ಒತ್ತಿಹೇಳುವ ಪದ. ಪಾಳೆಯವು ಭೂಮಿ ಮತ್ತು ಸೇನೆಗಳ ಸಂಬಂಧವನ್ನು ಒತ್ತಿಹೇಳುವ ಪದ. ಎರಡನ್ನೂ ಪರ್ಯಾಯವಾಗಿ ಬಳಸಿದಾಗ, ಸೇನೆಯೇ ಕೇಂದ್ರವಾಗಿದ್ದ ವ್ಯವಸ್ಥೆಯೊಂದು ಕೇವಲ ಜಮೀನ್ದಾರಿಕೆಯಂತೆ ಕಾಣತೊಡಗುತ್ತದೆ.

ಎರಡನೆಯದು ನ್ಯಾಯದ ತೊಡಕು. ಪಾಳೆಯಗಾರನ ಪಡೆಯ ಬಹುಭಾಗ ಊರಿನ ಒಕ್ಕಲುಗಳು ಮತ್ತು ಬೇಟೆಗಾರ ಸಮುದಾಯಗಳಿಂದ ಬಂದದ್ದು, ಋತುಮಾನಕ್ಕೆ ಅನುಗುಣವಾಗಿ ನೆಲಕ್ಕೆ ಮರಳುವಂತಹದು. ಇದನ್ನು ಮೀರಿದ ಸೈನಿಕೀಕರಣವು ದೊಡ್ಡ ಪ್ರಭುತ್ವಗಳಲ್ಲಿ ನಡೆಯಿತು. ಹೈದರ್ ಮತ್ತು ಟಿಪ್ಪುವಿನ ಕಾಲದ ಮೈಸೂರು ಪಾಳೆಯಪಟ್ಟುಗಳನ್ನು ಅಳಿಸಿ, ಅಧಿಕಾರಿಗಳ ಮೂಲಕ ನೇರವಾಗಿ ಕಂದಾಯ ಎತ್ತಿ, ಅದರಿಂದ ಸಂಬಳದ ಸೇನೆಯನ್ನು ಪೋಷಿಸಿತು. 1985ರಲ್ಲಿ ಪ್ರಕಟವಾದ ತಮ್ಮ ಪ್ರಬಂಧದಲ್ಲಿ ಬರ್ಟನ್ ಸ್ಟೈನ್ ಅವರು ಸೇನೆಯ ಅಗತ್ಯವೇ ಕಂದಾಯ ನೀತಿಯನ್ನು ರೂಪಿಸಿದ ಈ ಬಗೆಯನ್ನು ವಿಶ್ಲೇಷಿಸಿದ್ದಾರೆ. ಮರಾಠರ, ಮೊಗಲರ, ಕಂಪನಿಯ ಸೇನೆಗಳೂ ಇದಕ್ಕೆ ಹೊರತಲ್ಲ. ಆದರೂ ಗೆದ್ದವರ ಯುದ್ಧಕ್ಕೆ ನಮ್ಮ ಭಾಷೆಯಲ್ಲಿ ‘ದಿಗ್ವಿಜಯ’, ‘ದಂಡಯಾತ್ರೆ’ ಎಂಬ ಗೌರವದ ಪದಗಳಿವೆ; ಸೋತ ಸಣ್ಣ ಒಡೆಯನ ಹೆಸರು ಬೈಗುಳವಾಗಿದೆ. ಪಾಳೆಯಗಾರರು ಜನರನ್ನು ಪೀಡಿಸಲಿಲ್ಲ ಎಂಬುದು ಇಲ್ಲಿಯ ವಾದವಲ್ಲ. ಸೈನಿಕೀಕರಣದ ಹೊಣೆಯನ್ನು ಭಾಷೆಯು ಯಾರ ಮೇಲೆ ಹೊರಿಸಿದೆ ಎಂಬುದನ್ನು ಅಧ್ಯಯನಕಾರರು ಗಮನಿಸಬೇಕು ಎಂಬುದಷ್ಟೇ ಆಶಯ.

7. ಬಳಕೆಯ ಬಗ್ಗೆ ಕೆಲವು ಸೂಚನೆಗಳು

ಮೇಲಿನ ವಿವೇಚನೆಯಿಂದ ಹೊರಡುವ ಫಲಿತಗಳನ್ನು ಹೀಗೆ ಸಂಗ್ರಹಿಸಬಹುದು.

ಒಂದು: ಸೇನೆಯ ಗಾತ್ರ ಮತ್ತು ವೆಚ್ಚಗಳ ಬೆಳವಣಿಗೆಯನ್ನು ಹೇಳುವಾಗ ‘ಸೈನಿಕೀಕರಣ’ವನ್ನೂ, ಸೈನಿಕ ಮೌಲ್ಯಗಳ ಪ್ರಾಬಲ್ಯವನ್ನು ಹೇಳುವಾಗ ‘ಸೈನಿಕವಾದ’ವನ್ನೂ ಬಳಸಿದರೆ ಅರ್ಥಸ್ಪಷ್ಟತೆ ಉಳಿಯುತ್ತದೆ. ಇಡೀ ಸಮಾಜವೇ ಬೀಡಾಗಿ ಮಾರ್ಪಟ್ಟ ಸ್ಥಿತಿಗೆ ‘ಪಾಳೆಯ ರಾಜ್ಯ’ ಎಂಬ ಪದವನ್ನು ಪರಿಗಣಿಸಬಹುದು. ಲಾಸ್‌ವೆಲ್ ಅವರ ಪರಿಕಲ್ಪನೆಗೂ ಇದು ಹೊಂದುತ್ತದೆ. ಆದರೆ ಇದನ್ನು ‘ಪಾಳೆಯಗಾರಿ ರಾಜ್ಯ’ದೊಡನೆ ಬೆರೆಸಬಾರದು.

ಎರಡು: ‘ಫ್ಯೂಡಲಿಸಂ’ಗೆ ‘ಊಳಿಗಮಾನ್ಯ’ ಎಂಬ ಪದವೇ ಸಾಕು. ‘ಪಾಳೆಯಗಾರಿಕೆ’ಯನ್ನು ಆ ಕಾಲದ ನಿರ್ದಿಷ್ಟ ವ್ಯವಸ್ಥೆಗೆ ಮೀಸಲಿಡುವುದು ಒಳಿತು.

ಮೂರು: ಕೈಫಿಯತ್ತು, ಕಡತ, ಬಖೈರುಗಳನ್ನು ಸಂಪಾದಿಸುವವರು ಮತ್ತು ತರಗತಿಯಲ್ಲಿ ಪಾಠ ಹೇಳುವವರು ಇಂತಹ ಪದಗಳಿಗೆ ಕಾಲಸೂಚಕವಾದ ಅರ್ಥಟಿಪ್ಪಣಿಯನ್ನು ಕೊಡುವುದು ಅವಶ್ಯಕ. ‘ಕಂದಾಚಾರದವರು ಬಂದರು’ ಎಂಬ ವಾಕ್ಯವನ್ನು ಇಂದಿನ ವಿದ್ಯಾರ್ಥಿಯು ಮೂಢನಂಬಿಕೆಯ ಜನ ಬಂದರೆಂದು ಓದುವ, ‘ಕೋಟೆಯ ಸಿಬ್ಬಂದಿ’ಯನ್ನು ಗುಮಾಸ್ತರೆಂದು ತಿಳಿಯುವ ಸಾಧ್ಯತೆ ನಿಜವಾದುದು. ಪದವನ್ನು ತಪ್ಪಾಗಿ ಓದಿದಾಗ ಆಯುಧ ಹಿಡಿದ ಒಕ್ಕಲಿಗನೊಬ್ಬ ಚರಿತ್ರೆಯಿಂದ ಮರೆಯಾಗುತ್ತಾನೆ.

ನಾಲ್ಕು: ತುಮಕೂರು ಜಿಲ್ಲೆಯ ಶಾಸನಗಳು ಎಪಿಗ್ರಾಫಿಯಾ ಕರ್ನಾಟಿಕದ 12ನೆಯ ಸಂಪುಟವಾಗಿ 1904ರಲ್ಲಿಯೇ ಪ್ರಕಟವಾಗಿವೆ. ಅವುಗಳ ಸೈನಿಕ ಪದಗಳನ್ನು ಇದೇ ನಾಲ್ಕು ತಾಲ್ಲೂಕುಗಳ ಸ್ಥಳನಾಮಗಳು, ದೇವತಾನಾಮಗಳು ಹಾಗೂ ಹೊಲಗದ್ದೆಗಳ ಹೆಸರುಗಳೊಡನೆ ಹೋಲಿಸಿ ನೋಡುವ ಕೆಲಸವನ್ನು ಸ್ಥಳೀಯ ಕಾಲೇಜುಗಳ ಅಧ್ಯಾಪಕರು ವಿದ್ಯಾರ್ಥಿಗಳ ನೆರವಿನಿಂದ 

ಕೈಗೊಳ್ಳಬಹುದು. ಬೆಟ್ಟದ ಮೇಲಿನ ಕೋಟೆಗಳು ಎಲ್ಲರಿಗೂ ಕಾಣುತ್ತವೆ. ಆ ಕೋಟೆಗಳಿಗಾಗಿ ದುಡಿದ ನೆಲ ಮತ್ತು ಜನರ ಸುಳಿವು ಉಳಿದಿರುವುದು ಹೆಚ್ಚಾಗಿ ಪದಗಳಲ್ಲಿ. ಅವುಗಳ ಅರ್ಥವನ್ನು ಕಾಪಾಡುವ ಹೊಣೆ ಭಾಷೆಯ ಅಧ್ಯಯನಕಾರರದು.